ಹರ್ ಸ್ಟೋರಿ: ಸರ್ಚ್ ಬಾಕ್ಸ್ ಒಂದೇ ಸಾಕು

ಗುಂಡು ಹಾರಿಸುವುದು, ಓಡುವುದು ಬೇಡ, ಒಳ್ಳೆ ಕಥೆ ಬೇಕು ಅನ್ನುವವರು ಸ್ಯಾಮ್ ಬಾರ್ಲೋ ಬರೆದು ನಿರ್ದೇಶಿಸಿದ ‘ಹರ್ ಸ್ಟೋರಿ’ ಆಡಿ. 2015ರ ಗೇಮ್, ಹಳೇದು ಅಂತ ಬಿಡಬೇಡಿ.

ಕಥೆ ಹೀಗಿದೆ: 1994ರಲ್ಲಿ ಇಂಗ್ಲೆಂಡಿನ ಪೊಲೀಸರು ಒಬ್ಬ ಹೆಂಗಸನ್ನು ಏಳು ಸಲ ವಿಚಾರಣೆ ಮಾಡಿದ್ದಾರೆ, ಅವಳ ಗಂಡ ಸೈಮನ್ ವಿಷಯಕ್ಕೆ. ಆ ವಿಡಿಯೊಗಳು ಚೂರುಚೂರಾಗಿ ಒಂದು ಹಳೇ ಕಂಪ್ಯೂಟರಿನಲ್ಲಿವೆ. ಪೊಲೀಸರ ಪ್ರಶ್ನೆ ಕೇಳಿಸುವುದೇ ಇಲ್ಲ, ಉತ್ತರ ಮಾತ್ರ. ಸರ್ಚ್ ಬಾಕ್ಸಿನಲ್ಲಿ ‘ಮರ್ಡರ್’ ಅಂತ ಮೊದಲೇ ಟೈಪ್ ಆಗಿರುತ್ತದೆ, ಅಲ್ಲಿಂದ ಮುಂದೆ ಎಲ್ಲ ನಿಮ್ಮ ತಲೆ.

ಬಾರ್ಲೋ ಕೈಚಳಕ ಇರುವುದು ಇಲ್ಲಿ. ಒಂದು ಪದಕ್ಕೆ ಎಷ್ಟೇ ಕ್ಲಿಪ್ ಇದ್ದರೂ ತಾರೀಖಿನ ಪ್ರಕಾರ ಮೊದಲ ಐದನ್ನು ಮಾತ್ರ ತೋರಿಸುತ್ತದೆ. ‘ಸೈಮನ್’ ಅಂತ ಸುಮ್ನೆ ಹಾಕಿದರೆ ಮೊದಮೊದಲ ದಿನಗಳ ಮಾತೇ ಬರುತ್ತದೆ. ಕೊನೆಯ ವಿಚಾರಣೆಯಲ್ಲಿ ಏನಾಯಿತು ಅಂತ ಗೊತ್ತಾಗಬೇಕಾದರೆ ಅವಳು ಅಲ್ಲಿ ಮಾತ್ರ ಬಳಸಿರಬಹುದಾದ ಪದ ಯಾವುದು ಅಂತ ನೀವೇ ಊಹಿಸಬೇಕು, ಅದಕ್ಕೆ ಅವಳ ಒಂದೊಂದು ಮಾತನ್ನೂ ಕಿವಿಗೊಟ್ಟು ಕೇಳಬೇಕು.

ಮೆಟ್ರೋದಲ್ಲಿ ಆಡಬೇಡಿ. ಮೆಜೆಸ್ಟಿಕ್ ಗದ್ದಲದಲ್ಲಿ ನನಗೆ ಅರ್ಧ ಮಾತು ಕಿವಿಗೇ ಬೀಳಲಿಲ್ಲ. ಆಮೇಲೆ ಮನೆಯಲ್ಲಿ ಲ್ಯಾಪ್‌ಟಾಪಿನಲ್ಲಿ ಆಡಿದಾಗ ಅಕ್ಕ ನೋಟ್‌ಬುಕ್ ಹಿಡಿದು ಪಕ್ಕದಲ್ಲಿ ಕೂತಳು. “ಏಯ್, ಹಿಂದಿನದ್ರಲ್ಲಿ ಬೇರೆ ಬಟ್ಟೆ ಹಾಕಿದ್ಳು ಕಣೋ” ಅಂದಳು. ಯಾವ ದಿನದ ಕ್ಲಿಪ್ ಅಂತ ಹಿಡಿಯಲು ಅದೇ ಸುಲಭದ ದಾರಿ ಆಯಿತು.

ಆ ಹೆಂಗಸಿನ ಪಾತ್ರದಲ್ಲಿ ವೀವಾ ಸೀಫರ್ಟ್ ನಟನೆ ಅದ್ಭುತ. ಇವರು ಸಂಗೀತಗಾರ್ತಿ, 1992ರ ಒಲಿಂಪಿಕ್ಸಿನಲ್ಲಿ ಜಿಮ್ನಾಸ್ಟಿಕ್ಸ್ ಕೂಡ ಮಾಡಿದವರು. ರಂಗಶಂಕರದಲ್ಲಿ ಏಕವ್ಯಕ್ತಿ ನಾಟಕ ನೋಡುವ ಅಭ್ಯಾಸ ಇರುವವರಿಗೆ ಖಂಡಿತ ಹಿಡಿಸುತ್ತದೆ.

ಬಾರ್ಲೋ ಇಲ್ಲಿಗೆ ದಿಢೀರ್ ಅಂತ ಬಂದವರಲ್ಲ. 1999ರಲ್ಲೇ ‘ಐಲ್’ ಅಂತ ಬರಹದ ಗೇಮ್ ಮಾಡಿದ್ದರು, ಒಂದೇ ಒಂದು ಆಜ್ಞೆ ಕೊಟ್ಟರೆ ಕಥೆ ಮುಗಿಯಿತು. 2009ರ ‘ಸೈಲೆಂಟ್ ಹಿಲ್: ಶ್ಯಾಟರ್ಡ್ ಮೆಮೊರೀಸ್’ನಲ್ಲಿ ಮನೋವೈದ್ಯರು ಕೇಳುವ ಪ್ರಶ್ನೆಗೆ ನೀವು ಕೊಟ್ಟ ಉತ್ತರದಂತೆ ಆಟವೇ ಬದಲಾಗುತ್ತಿತ್ತು. ದೊಡ್ಡ ಸ್ಟುಡಿಯೊ ಕೆಲಸ ಬಿಟ್ಟು ಸ್ವಂತಕ್ಕೆ ಮಾಡಿದ ಮೊದಲ ಗೇಮ್ ಈ ‘ಹರ್ ಸ್ಟೋರಿ’. ಆಡುವವರ ಬುದ್ಧಿಯ ಮೇಲೆ ಇಷ್ಟು ನಂಬಿಕೆ ಇಡುವವರು ಕಡಿಮೆ, ನನಗೆ ಅವರು ಇಷ್ಟವಾಗುವುದೇ ಅದಕ್ಕೆ.

ಕೊರತೆಯೂ ಇದೆ. ಇಂಗ್ಲಿಷಿನಲ್ಲೇ ಟೈಪ್ ಮಾಡಬೇಕು, ಸೀಫರ್ಟ್ ಉಚ್ಚಾರಣೆ ಹಿಡಿಯಲು ಸಬ್‌ಟೈಟಲ್ ಹಾಕಿಕೊಳ್ಳಿ. ಕಥೆ ಮುಗಿಯಿತು ಅಂತ ಸ್ಪಷ್ಟವಾಗಿ ಹೇಳುವುದಿಲ್ಲ, ಕೆಲವರಿಗೆ ಇದು ಕಿರಿಕಿರಿ.

ಬಾರ್ಲೋ ಆಮೇಲೆ ಮಾಡಿದ ಗೇಮ್‌ಗಳಲ್ಲಿ 2019ರ ‘ಟೆಲ್ಲಿಂಗ್ ಲೈಸ್’ ನನಗೆ ಜಾಸ್ತಿ ಎಳೆದಂತೆ ಅನ್ನಿಸಿತು, ವಿಡಿಯೊ ಹಿಂದಕ್ಕೆ ಮುಂದಕ್ಕೆ ಓಡಿಸಿಯೇ ಸುಸ್ತು. 2022ರ ‘ಇಮ್ಮಾರ್ಟಾಲಿಟಿ’ ಮಾತ್ರ ಬಿಡಬೇಡಿ. ಆದರೆ ಅದರಲ್ಲಿ ನಗ್ನ ದೃಶ್ಯ, ರಕ್ತ ಎಲ್ಲ ಇದೆ, ಹಾಲ್‌ನಲ್ಲಿ ಅಪ್ಪ ಅಮ್ಮ ಇರುವಾಗ ಹಾಕಬೇಡಿ.