‘ಬೆಸ್ಟ್ ಗನ್ ಸೆಟ್’ ಮಾರುವವರ ಬಗ್ಗೆ: ಬಾರ್ಡರ್‌ಲ್ಯಾಂಡ್ಸ್ 2 ಆಡುವವರಿಗೆ ಎಚ್ಚರಿಕೆ

ಬಾರ್ಡರ್‌ಲ್ಯಾಂಡ್ಸ್ 2 ಎಂಬ ಶೂಟಿಂಗ್ ವಿಡಿಯೋ ಗೇಮಿನ ಆಯುಧಗಳನ್ನು ‘ಎಂಡ್‌ಗೇಮ್ ಸೆಟ್’, ‘ಪರ್ಫೆಕ್ಟ್ ಪಾರ್ಟ್ಸ್ ಲೆಜೆಂಡರಿ’ ಎಂಬ ಹೆಸರಿನಲ್ಲಿ ಹಣಕ್ಕೆ ಮಾರುವವರು ಮೆಸೇಜಿಂಗ್ ಗುಂಪುಗಳಲ್ಲಿ ಈಗಲೂ ಇದ್ದಾರೆ. ಆಟ ಬಂದದ್ದು 2012ರ ಸೆಪ್ಟೆಂಬರ್‌ನಲ್ಲಿ. ಇಷ್ಟು ಹಳೆಯ ಆಟದಲ್ಲಿ ಮೋಸ ಮಾಡಿ ಯಾರಿಗೆ ಏನು ಲಾಭ ಎಂದು ಅನ್ನಿಸಬಹುದು. ಆದರೆ ಸೇಲ್ ಬಂದಾಗಲೆಲ್ಲ ಈ ಆಟ ಅಗ್ಗಕ್ಕೆ ಸಿಗುವುದರಿಂದ ಹೊಸಬರು ಬರುತ್ತಲೇ ಇರುತ್ತಾರೆ, ಮತ್ತು ಯಾವ ಗನ್ ಒಳ್ಳೆಯದು ಎಂದು ತಿಳಿಯದೆ ಅವರು ತಡವರಿಸುವ ಘಟ್ಟವೇ ಇಂಥವರ ವ್ಯಾಪಾರಕ್ಕೆ ಬಂಡವಾಳ. ನನ್ನ ಚಿಕ್ಕಪ್ಪನ ಮಗ ಅಂಥ ಒಬ್ಬನಿಗೆ ಎರಡು ಸಲ ಹಣ ಕೊಟ್ಟು, ತಾನು ಕಷ್ಟಪಟ್ಟು ಕೂಡಿಸಿಕೊಂಡಿದ್ದ ಆಯುಧಗಳನ್ನೂ ಕಳೆದುಕೊಂಡ. ಅವನ ಒಪ್ಪಿಗೆ ಪಡೆದೇ ಇದನ್ನು ಬರೆಯುತ್ತಿದ್ದೇನೆ.

ಅವನು ಆಡುತ್ತಿದ್ದುದು ಗೇಜ್ ಎಂಬ ಪಾತ್ರವನ್ನು. ಕಥೆಯನ್ನು ಎರಡನೆಯ ಸುತ್ತಿನಲ್ಲೂ ಮುಗಿಸಿ, 50ನೇ ಲೆವೆಲ್ ತಲುಪಿ, ಅಲ್ಟಿಮೇಟ್ ವಾಲ್ಟ್ ಹಂಟರ್ ಮೋಡ್ ಎಂಬ ಮೂರನೆಯ ಸುತ್ತಿಗೆ ಕಾಲಿಟ್ಟಿದ್ದ. ಅಲ್ಲಿಯವರೆಗೆ ಸಲೀಸಾಗಿ ಬಂದವರೂ ಈ ಸುತ್ತಿನಲ್ಲಿ ಮುಗ್ಗರಿಸುತ್ತಾರೆ. ಶತ್ರುಗಳ ಲೆವೆಲ್ ನಮ್ಮ ಜೊತೆಗೇ ಏರುತ್ತದೆ, ಅವರ ಆರೋಗ್ಯ ತಾನಾಗಿಯೇ ಮರಳಿ ತುಂಬಿಕೊಳ್ಳುತ್ತದೆ, ನಿನ್ನೆಯವರೆಗೆ ನಾಲ್ಕು ಗುಂಡಿಗೆ ಬೀಳುತ್ತಿದ್ದವನು ಇಂದು ಮ್ಯಾಗಜಿನ್ ಖಾಲಿಯಾದರೂ ನಿಂತಿರುತ್ತಾನೆ. ಆ ಹತಾಶೆಯಲ್ಲಿದ್ದಾಗ ಒಂದು ಗುಂಪಿನಲ್ಲಿ ಮಾರಾಟಗಾರನ ಜಾಹೀರಾತು ಅವನ ಕಣ್ಣಿಗೆ ಬಿತ್ತು: ‘ಈ ಸೆಟ್ ಇದ್ದರೆ ಆಟದ ಕೊನೆವರೆಗೂ ಬೇರೆ ಗನ್ ಬೇಕಾಗಲ್ಲ.’

ಈ ಮಾತು ಶುದ್ಧ ಸುಳ್ಳು ಎಂಬುದು ಆಟದ ಲೆಕ್ಕಾಚಾರ ಬಲ್ಲವರಿಗೆ ಒಡನೆಯೇ ತಿಳಿಯುತ್ತದೆ. ಈ ಆಟದಲ್ಲಿ ಗನ್‌ನ ಡ್ಯಾಮೇಜ್ ಪ್ರತಿ ಲೆವೆಲ್‌ಗೆ ಸುಮಾರು ಶೇಕಡಾ 13ರಷ್ಟು ಏರುತ್ತದೆ, ಶತ್ರುಗಳ ಆರೋಗ್ಯವೂ ಅದರ ಜೊತೆಗೇ ಏರುತ್ತದೆ. ಚಕ್ರಬಡ್ಡಿಯ ಹಾಗೆ ಇದು ಮೇಲೆ ಮೇಲೆ ಸೇರುವುದರಿಂದ, ಎಂಟು ಲೆವೆಲ್ ದಾಟುವಷ್ಟರಲ್ಲಿ ಅದೇ ಗನ್‌ನ ಹೊಸ ಪ್ರತಿ ಹಳೆಯದಕ್ಕಿಂತ ಎರಡೂವರೆ ಪಟ್ಟಿಗೂ ಹೆಚ್ಚು ಬಲವಾಗಿರುತ್ತದೆ. ಗನ್‌ನ ಬಣ್ಣ ಅದು ಎಷ್ಟು ಅಪರೂಪ ಎಂಬುದನ್ನು ಹೇಳುತ್ತದೆ: ಲೆಜೆಂಡರಿ ಎನ್ನುವ ಕಿತ್ತಳೆ ಬಹಳ ಅಪರೂಪ, ನೇರಳೆ, ನೀಲಿ ಅದಕ್ಕಿಂತ ಕೆಳಗೆ. ಆದರೂ 50ನೇ ಲೆವೆಲ್‌ನ ಕಿತ್ತಳೆ ಬಣ್ಣದ ಲೆಜೆಂಡರಿಯನ್ನು 58ನೇ ಲೆವೆಲ್‌ನ ಸಾಧಾರಣ ನೇರಳೆ ಗನ್ ಬಹುತೇಕ ಹಿಂದೆ ಹಾಕುತ್ತದೆ. ಲೆವೆಲ್‌ನ ಮಿತಿ ಆಟ ಬಂದಾಗ 50 ಇತ್ತು. 2013ರ ಏಪ್ರಿಲ್‌ನಲ್ಲಿ 61, ಅದೇ ವರ್ಷ ಸೆಪ್ಟೆಂಬರ್‌ನಲ್ಲಿ 72, 2019ರಲ್ಲಿ 80 ಆಯಿತು. ಹೀಗಿರುವಾಗ 50ನೇ ಲೆವೆಲ್‌ನಲ್ಲಿ ನಿಂತವನಿಗೆ ಕೊನೆಯವರೆಗೆ ಬಾಳುವ ಗನ್ ಕೊಡುತ್ತೇನೆ ಎನ್ನುವವನಿಗೆ ಒಂದೋ ಆಟ ಗೊತ್ತಿಲ್ಲ, ಇಲ್ಲವೇ ಚೆನ್ನಾಗಿಯೇ ಗೊತ್ತಿದೆ.

ಮೊದಲ ಕಂತಿನ ಹಣ ಯುಪಿಐ ಮೂಲಕ ಹೋಯಿತು. ಮಾರಾಟಗಾರ ಕೋ-ಆಪ್‌ನಲ್ಲಿ (ಆನ್‌ಲೈನಿನಲ್ಲಿ ಜೊತೆಯಾಗಿ ಆಡುವ ವ್ಯವಸ್ಥೆ) ಇವನ ಆಟದೊಳಗೆ ಬಂದು ನೆಲದ ಮೇಲೆ ಗನ್‌ಗಳನ್ನು ಸುರಿದು ಹೋದ. ಅವುಗಳಲ್ಲಿ ಕೆಲವು 72ನೇ ಲೆವೆಲ್‌ನವು. ಗನ್‌ನ ಲೆವೆಲ್ ಆಡುವವನ ಲೆವೆಲ್‌ಗಿಂತ ಹೆಚ್ಚಿದ್ದರೆ ಅದನ್ನು ಬಳಸಲು ಆಗುವುದಿಲ್ಲ, ಹೀಗಾಗಿ ಅವು ಬ್ಯಾಗಿನಲ್ಲಿ ಜಾಗ ತಿನ್ನುತ್ತ ಕುಳಿತವು. ಒಂದು ಮಾತ್ರ ಅದ್ಭುತವಾಗಿತ್ತು: ಪಿಸ್ತೂಲಿನ ದೇಹ, ಆದರೆ ಒಮ್ಮೆ ಒತ್ತಿದರೆ ಶಾಟ್‌ಗನ್ನಿನಷ್ಟು ಗುಂಡುಗಳು. ಅಂದಿನ ಸಂಜೆಯೆಲ್ಲ ಅವನು ಎದುರಿಗೆ ಬಂದವರನ್ನೆಲ್ಲ ಉರುಳಿಸಿದ. ಮರುದಿನ ಆಟ ತೆರೆದಾಗ ಆ ಗನ್ ಇರಲಿಲ್ಲ. ‘ಅಣ್ಣಾ, ಬ್ಯಾಗು, ಬ್ಯಾಂಕು ಎಲ್ಲ ನೋಡಿದೆ, ಎಲ್ಲೂ ಇಲ್ಲ. ನಾನಂತೂ ಮಾರಿಲ್ಲ’ ಎಂದು ನನಗೆ ಫೋನ್ ಮಾಡಿದ.

ಮಾರಿರಲಿಲ್ಲ, ನಿಜ. ಆಟವೇ ಅದನ್ನು ತೆಗೆದುಹಾಕಿತ್ತು. ಬಾರ್ಡರ್‌ಲ್ಯಾಂಡ್ಸ್‌ನಲ್ಲಿ ಪ್ರತಿ ಗನ್ ಕೂಡ ದೇಹ, ಹಿಡಿ, ಬ್ಯಾರಲ್, ಸ್ಟಾಕ್, ಸೈಟ್, ಆಕ್ಸೆಸರಿ ಮುಂತಾದ ಭಾಗಗಳನ್ನು ಜೋಡಿಸಿ ತಯಾರಾಗುತ್ತದೆ. ಸೇವ್ ಫೈಲ್ ಲೋಡ್ ಆಗುವಾಗ ಈ ಜೋಡಣೆ ನಿಯಮದಂತೆ ಸಾಧ್ಯವೇ ಎಂದು ಆಟ ಪರಿಶೀಲಿಸುತ್ತದೆ. ಆಟಗಾರರು ಇದನ್ನು ಸ್ಯಾನಿಟಿ ಚೆಕ್ ಎನ್ನುತ್ತಾರೆ. ಪಿಸ್ತೂಲಿನ ದೇಹಕ್ಕೆ ಅದಕ್ಕೆ ಸಲ್ಲದ ಭಾಗವನ್ನು ಸೇವ್ ಫೈಲ್ ತಿದ್ದುವ ಎಡಿಟರ್‌ನಿಂದ ಅಂಟಿಸಿದ್ದರೆ ಅದು ಒಂದು ಮಾತೂ ಹೇಳದೆ ಆ ಆಯುಧವನ್ನು ಅಳಿಸಿಹಾಕುತ್ತದೆ. ಮಾರಾಟಗಾರ ತನ್ನ ಕಂಪ್ಯೂಟರಿನಲ್ಲಿ ಈ ಪರಿಶೀಲನೆಯನ್ನು ತಪ್ಪಿಸಿಕೊಂಡಿರುತ್ತಾನೆ, ಹೀಗಾಗಿ ಅವನ ಬಳಿ ಆ ಗನ್ ಉಳಿಯುತ್ತದೆ. ಕೊಂಡವನ ಬಳಿ ಅದರ ಆಯಸ್ಸು ಆಟ ಮುಚ್ಚಿ ತೆರೆಯುವ ತನಕ ಮಾತ್ರ. ಎಡಿಟರ್‌ನಲ್ಲಿ ಇಂಥದ್ದನ್ನು ಸೃಷ್ಟಿಸಲು ಮಾರುವವನಿಗೆ ಒಂದು ಪೈಸೆಯೂ ಖರ್ಚಿಲ್ಲ ಎಂಬುದನ್ನೂ ಇಲ್ಲೇ ಹೇಳಿಬಿಡುತ್ತೇನೆ.

ದೂರಿದಾಗ ಅವನು ಜಗಳ ಆಡಲಿಲ್ಲ, ಬಲು ವಿನಯದಿಂದಲೇ ಮಾತಾಡಿದ. ಸೇವ್ ಫೈಲನ್ನೇ ಕಳಿಸಿದರೆ ಗನ್‌ಗಳನ್ನು ‘ಪರ್ಮನೆಂಟ್’ ಆಗಿ ಹಾಕಿಕೊಡುವುದಾಗಿಯೂ ಅದಕ್ಕೆ ಸ್ವಲ್ಪ ಹೆಚ್ಚಿನ ಚಾರ್ಜ್ ಆಗುವುದಾಗಿಯೂ ಹೇಳಿದ. ಅಕೌಂಟ್ ಪಾಸ್‌ವರ್ಡ್ ಕೊಟ್ಟರೆ ಬೇಗ ಆಗುತ್ತದೆ ಎಂದೂ ಸೇರಿಸಿದ್ದ. ಪಾಸ್‌ವರ್ಡ್ ಕೊಡದೆ ಉಳಿದದ್ದು ಪುಣ್ಯ, ಏಕೆಂದರೆ ಅದು ಹೋದರೆ ಒಂದು ಆಟವಲ್ಲ, ಕೊಂಡ ಆಟಗಳೆಲ್ಲವೂ ಹೋಗುತ್ತವೆ. ಆದರೆ ಡಾಕ್ಯುಮೆಂಟ್ಸ್ ಒಳಗಿನ ಮೈ ಗೇಮ್ಸ್ ಫೋಲ್ಡರಿನಿಂದ ಸೇವ್ ಫೈಲ್ ಹೋಯಿತು, ಎರಡನೆಯ ಕಂತೂ ಹೋಯಿತು. ಎರಡೂ ಕಂತು ಸೇರಿದ ಮೊತ್ತಕ್ಕೆ ಸೇಲ್‌ನಲ್ಲಿ ಇಡೀ ಆಟವನ್ನೇ, ಎಲ್ಲ ಹೆಚ್ಚುವರಿ ಅಧ್ಯಾಯಗಳ ಸಮೇತ, ಕೊಳ್ಳಬಹುದಿತ್ತು.

ಹಿಂದಿರುಗಿ ಬಂದ ಫೈಲಿನಲ್ಲಿ ಗನ್‌ಗಳೇನೋ ಇದ್ದವು, ಈ ಸಲ ಭಾಗಗಳೂ ಸರಿಯಾಗಿದ್ದವು. ನಷ್ಟವಾದದ್ದು ಬೇರೆ ಕಡೆ. ಫೈಲ್ ಅವನ ಬಳಿ ಇದ್ದ ಅವಧಿಯಲ್ಲಿ ಇವನು ಆಡಿ ಗಳಿಸಿದ್ದೆಲ್ಲ ಹಳೆಯ ಪ್ರತಿಯ ಕೆಳಗೆ ಅಳಿಸಿಹೋಯಿತು. ಬ್ಯಾಕಪ್ ಇರಲಿಲ್ಲ, ಕ್ಲೌಡ್ ಸೇವ್ ಕೂಡ ಬಂದ ಫೈಲನ್ನೇ ನಕಲು ಮಾಡಿಕೊಂಡಿತು. ಅದಕ್ಕಿಂತ ದೊಡ್ಡ ಏಟು ಇನ್ನೊಂದು. ಬಾಕಿ ಇದ್ದ ಸೈಡ್ ಮಿಷನ್‌ಗಳನ್ನು ಆ ಮನುಷ್ಯ ‘ಫ್ರೀ ಸರ್ವಿಸ್’ ಎಂದು ತಾನೇ ಒಪ್ಪಿಸಿ ಮುಗಿಸಿಬಿಟ್ಟಿದ್ದ.

ಈ ಆಟ ಆಡದವರಿಗೆ ಇದು ಉಪಕಾರದಂತೆಯೇ ಕಾಣಬಹುದು. ಆದರೆ ಟೈನಿ ಟೀನಾ ಎಂಬ ಹೆಚ್ಚುವರಿ ಅಧ್ಯಾಯದಲ್ಲಿ, ‘ದ ಬಿಯರ್ಡ್ ಮೇಕ್ಸ್ ದ ಮ್ಯಾನ್’ ಎಂಬ ಮಿಷನ್ನಿನ ನಡುವೆ ಗ್ರಾಗ್ ನಾಜಲ್ ಎಂಬ, ಮ್ಯಾಲಿವಾನ್ ಕಂಪನಿಯ ಪಿಸ್ತೂಲು ಕೈಗೆ ಬರುತ್ತದೆ. ಅದು ಶತ್ರುವಿಗೆ ಬಹಳ ಬೇಗ ಸ್ಲ್ಯಾಗ್ (ಬೇರೆ ಗನ್‌ಗಳ ಏಟು ಜೋರಾಗಿ ತಗಲುವಂತೆ ಮಾಡುವ ಲೇಪ) ಹತ್ತಿಸುತ್ತದೆ, ಜೊತೆಗೆ ಹೊಡೆದವನ ಆರೋಗ್ಯವನ್ನೂ ತುಂಬುತ್ತದೆ. ಮಿಷನ್ ಒಪ್ಪಿಸಿದರೆ ಆ ಗನ್ ವಾಪಸ್ ಹೋಗುತ್ತದೆ. ಆದ್ದರಿಂದ ಬಲ್ಲವರು ಆ ಮಿಷನ್ನನ್ನು ಬೇಕೆಂದೇ ಮುಗಿಸದೆ ಇಟ್ಟುಕೊಳ್ಳುತ್ತಾರೆ, ಇವನೂ ಹಾಗೆಯೇ ಇಟ್ಟುಕೊಂಡಿದ್ದ. ಮೂರನೆಯ ಸುತ್ತಿನಲ್ಲಿ ಸ್ಲ್ಯಾಗ್ ಹತ್ತಿದ ಶತ್ರುವಿನ ಮೇಲೆ ಬೇರೆ ಗನ್‌ನಿಂದ ಹೊಡೆದರೆ ಡ್ಯಾಮೇಜ್ ಮೂರು ಪಟ್ಟಾಗುತ್ತದೆ. ಹಿಂದಿನ ಸುತ್ತುಗಳಲ್ಲಿ ಅದು ಎರಡೇ ಪಟ್ಟು. ಸ್ಲ್ಯಾಗ್ ಹತ್ತಿಸುವ ಕೆಲಸಕ್ಕೆ ಗನ್‌ನ ಡ್ಯಾಮೇಜ್ ಮುಖ್ಯವೇ ಅಲ್ಲವಾದ್ದರಿಂದ ಹಳೆಯ ಲೆವೆಲ್‌ನ ಸ್ಲ್ಯಾಗ್ ಗನ್ ಕೂಡ ಬಹುಕಾಲ ಉಪಯೋಗಕ್ಕೆ ಬರುತ್ತದೆ. ಅಂದರೆ ಮೇಲೆ ಹೇಳಿದ ಶೇಕಡಾ 13ರ ಲೆಕ್ಕವನ್ನು ಮೀರಿ ಬಾಳುವಂಥದ್ದು ಅವನ ಬಳಿ ಒಂದಿತ್ತು, ಸೆಟ್ ಮಾರಿದವನು ಕಳೆದದ್ದೂ ಅದನ್ನೇ.

ಇನ್ನು ಆ ಸೆಟ್‌ನಲ್ಲಿ ಬಂದದ್ದೇನು ಎಂಬುದನ್ನು ನೋಡಿದರೆ ಆಯ್ಕೆ ಮಾಡಿದವನ ಅರಿವು ತಿಳಿಯುತ್ತದೆ. ಅದರ ಮುಖ್ಯ ಆಯುಧ ಲ್ಯೂಡಾ, ವ್ಲಾಡಾಫ್ ಕಂಪನಿಯ ಲೆಜೆಂಡರಿ ಸ್ನೈಪರ್. ಅದರ ಗುಂಡು ಸ್ವಲ್ಪ ದೂರ ಸಾಗಿದ ಮೇಲೆ ಮೂರಾಗಿ ಒಡೆಯುತ್ತದೆ. ಜೀರೋ ಪಾತ್ರದವರ ಕೈಯಲ್ಲಿ ಅದು ನಿಜವಾಗಿಯೂ ಭಯಂಕರ. ಆದರೆ ನಮ್ಮ ಹುಡುಗನ ಗೇಜ್ ಬೆಳೆದದ್ದು ಅನಾರ್ಕಿ ಎಂಬ ಕೌಶಲದ ಮೇಲೆ. ಅನಾರ್ಕಿ ಸ್ಟ್ಯಾಕ್‌ಗಳಾಗಿ, ಅಂದರೆ ಒಂದೊಂದೇ ಎಣಿಕೆಯಾಗಿ, ಕೂಡುತ್ತದೆ. ಪ್ರತಿ ಸ್ಟ್ಯಾಕ್‌ಗೆ ಡ್ಯಾಮೇಜ್ ಶೇಕಡಾ 1.75 ಏರುತ್ತದೆ, ಗುರಿಯ ನಿಖರತೆ ಅಷ್ಟೇ ಕುಸಿಯುತ್ತದೆ. ಮೊದಲಿಗೆ 150 ಸ್ಟ್ಯಾಕ್ ಮಿತಿ. ಪ್ರೀಶ್ರಂಕ್ ಸೈಬರ್‌ಪಂಕ್ ಎಂಬ ಕೌಶಲಕ್ಕೆ ಐದು ಪಾಯಿಂಟ್ ಹಾಕಿದರೆ 400. ಅಷ್ಟು ಸ್ಟ್ಯಾಕ್ ಇದ್ದಾಗ ಡ್ಯಾಮೇಜ್ ಶೇಕಡಾ 700 ಹೆಚ್ಚಿರುತ್ತದೆ, ಗುಂಡು ಮಾತ್ರ ಎತ್ತೆತ್ತಲೋ ಹಾರುತ್ತದೆ. ಅಂಥ ಪಾತ್ರದ ಕೈಗೆ ದೂರದಿಂದ ಗುರಿಯಿಟ್ಟು ಹೊಡೆಯುವ ಸ್ನೈಪರ್ ಕೊಡುವುದಕ್ಕೆ ಏನೆನ್ನಬೇಕು? ಗೇಜ್‌ಗೆ ಬೇಕಾದದ್ದು ಮೈಮೇಲೆ ಹೋಗಿ ಹೊಡೆಯುವ ಶಾಟ್‌ಗನ್, ಅಥವಾ ಗೋಡೆಗೆ ಬಡಿದ ಗುಂಡನ್ನು ಶತ್ರುವಿನತ್ತ ತಿರುಗಿಸುವ ಕ್ಲೋಸ್ ಎನಫ್ ಕೌಶಲದ ಜೊತೆಗೆ ಒಂದೇ ಬಾರಿಗೆ ಹಲವು ಗುಂಡು ಉಗುಳುವ ಯಾವುದಾದರೂ ಗನ್. ಮ್ಯಾಗಜಿನ್ ಪೂರ್ತಿ ಖಾಲಿಯಾದಾಗ ಸ್ಟ್ಯಾಕ್ ಏರುವುದರಿಂದ, ಆರಂಭದಲ್ಲಿ ಚಿಕ್ಕ ಮ್ಯಾಗಜಿನ್ ಇರುವುದೇ ಒಳ್ಳೆಯದು. ನಡುವೆ ಅಭ್ಯಾಸಬಲದಿಂದ ರೀಲೋಡ್ ಬಟನ್ ಒತ್ತಿದರೆ ಕಟ್ಟಿದ್ದೆಲ್ಲ ಹೋಗುತ್ತದೆ. ಅದರಿಂದ ಕಾಪಾಡುವುದಕ್ಕೆ ಡಿಸ್ಕಾರ್ಡ್ ಎಂಬ ಬೇರೆಯೇ ಕೌಶಲವಿದೆ. ಇದಾವುದನ್ನೂ ಮಾರಾಟಗಾರ ಕೇಳಲಿಲ್ಲ. ಯಾವ ಪಾತ್ರ ಆಡುತ್ತೀ ಎಂದು ಕೂಡ ಕೇಳಲಿಲ್ಲ.

ಈ ಪ್ರಶ್ನೆ ಕೇಳದೆ ‘ಅತ್ಯುತ್ತಮ ಗನ್’ ಎನ್ನುವ ಯಾರ ಮಾತನ್ನೂ, ಹಣ ಕೇಳದ ವಿಡಿಯೋಗಳ ಪಟ್ಟಿಯನ್ನೂ ಸೇರಿಸಿ, ಅನುಮಾನದಿಂದಲೇ ನೋಡಿ. ಹಳೆಯ ಪಟ್ಟಿಗಳಲ್ಲಿ ಬೀ ಶೀಲ್ಡ್ ಮತ್ತು ಕಾನ್ಫರೆನ್ಸ್ ಕಾಲ್ ಶಾಟ್‌ಗನ್ ಜೋಡಿಯೇ ತುದಿಯಲ್ಲಿರುತ್ತದೆ. 2013ರಲ್ಲಿ ತಯಾರಕರು ಆ ಜೋಡಿಯ ಬಲವನ್ನು ತಗ್ಗಿಸಿದ ಮೇಲೂ ಅವೇ ಪಟ್ಟಿಗಳು ಸುತ್ತುತ್ತಿವೆ.

ಗನ್ನಿನ ಕಾರ್ಡ್, ಅಂದರೆ ಅದರ ವಿವರ ತೋರಿಸುವ ಚೌಕ, ಓದುವುದು ಕಷ್ಟವೇನಲ್ಲ. ಮೊದಲು ಲೆವೆಲ್ ನೋಡಿ. ಆಮೇಲೆ ಎದುರಾಳಿಯ ತಲೆಯ ಮೇಲಿನ ಪಟ್ಟಿಯ ಬಣ್ಣ: ಕೆಂಪು ಪಟ್ಟಿ ಎಂದರೆ ಮಾಂಸ, ಅದಕ್ಕೆ ಬೆಂಕಿ, ಹಳದಿ ಪಟ್ಟಿ ಎಂದರೆ ಲೋಡರ್ ಯಂತ್ರಗಳಂಥ ಕವಚ, ಅದಕ್ಕೆ ಕರೋಸಿವ್ (ಆಸಿಡ್), ನೀಲಿ ಪಟ್ಟಿ ಎಂದರೆ ಶೀಲ್ಡ್, ಅದಕ್ಕೆ ಶಾಕ್ (ವಿದ್ಯುತ್). ಹೈಪೀರಿಯನ್ ಯಂತ್ರಗಳ ಮೇಲೆ ಬೆಂಕಿಯ ಲೆಜೆಂಡರಿ ಹಿಡಿದು ಹೋಗುವವನಿಗಿಂತ ಕರೋಸಿವ್ ಇರುವ ನೀಲಿ ಗನ್ ಹಿಡಿದವನು ಬೇಗ ಮುಂದೆ ಹೋಗುತ್ತಾನೆ. ಕೈಯಲ್ಲಿರುವ ಗನ್‌ಗೆ ಹೋಲಿಸಿ ಕಾರ್ಡ್ ತೋರಿಸುವ ಹಸಿರು ಬಾಣ, ಕೆಂಪು ಬಾಣಗಳನ್ನು ನಂಬಿ ಗನ್ ಬದಲಿಸಬೇಡಿ. ಡ್ಯಾಮೇಜ್ ಸಂಖ್ಯೆಯ ಪಕ್ಕದಲ್ಲಿ ‘×7’ ಎಂದಿದ್ದರೆ ಏಳು ಗುಂಡು ಎಂದರ್ಥ. ಬಾಣ ಆ ಗುಂಡುಗಳು ಎಷ್ಟು ದೂರಕ್ಕೆ ಚದುರುತ್ತವೆ ಎಂದು ಹೇಳುವುದಿಲ್ಲ, ಟಾರ್ಗ್ ಗನ್‌ಗಳ ಸ್ಫೋಟದ ಹೆಚ್ಚುವರಿ ಡ್ಯಾಮೇಜನ್ನೂ ತೋರಿಸುವುದಿಲ್ಲ. ಕಂಪನಿಗಳ ಸ್ವಭಾವವನ್ನು ಆಡುತ್ತಲೇ ತಿಳಿಯಬಹುದು: ಜೇಕಬ್ಸ್‌ನಲ್ಲಿ ಬೆರಳಿನ ವೇಗವೇ ಗನ್ನಿನ ವೇಗ, ಹೈಪೀರಿಯನ್ ಹೊಡೆದಷ್ಟೂ ನಿಖರವಾಗುತ್ತದೆ, ಟೀಡಿಯೋರ್ ರೀಲೋಡ್ ಮಾಡಿದಾಗ ಗನ್ನನ್ನೇ ಎಸೆಯುತ್ತದೆ.

ಹಣ ಕೊಡದೆ ಸಿಗುವ ದಾರಿಗಳು ಆಟದೊಳಗೇ ಇವೆ. ಅನ್‌ಕೆಂಪ್ಟ್ ಹೆರಾಲ್ಡ್ ಪಿಸ್ತೂಲು ಬೇಕಿದ್ದರೆ ತ್ರೀ ಹಾರ್ನ್ಸ್ ಡಿವೈಡ್‌ನಲ್ಲಿ ಸ್ಯಾವೇಜ್ ಲೀಯನ್ನು ಕೊಂದು, ಸೇವ್ ಮಾಡಿ ಹೊರಬಂದು, ಮತ್ತೆ ಹೋಗಿ ಕೊಲ್ಲುತ್ತಿರಬಹುದು. ಇಲ್ಲವೇ ಟಾರ್ಗ್ ಅಧ್ಯಾಯದಲ್ಲಿ ಟೋಕನ್ ಕೂಡಿಸಿ, ಅಲ್ಲಿನ ವೆಂಡಿಂಗ್ ಮಷೀನ್‌ನಲ್ಲಿ ಅದು ಕಾಣಿಸಿಕೊಂಡಾಗ 613 ಟೋಕನ್‌ಗೆ ಕೊಳ್ಳಬಹುದು. ಗೋಲ್ಡನ್ ಕೀಗಳನ್ನು ತಯಾರಕರೇ ಶಿಫ್ಟ್ ಕೋಡ್‌ಗಳ ಮೂಲಕ ಉಚಿತವಾಗಿ ಹಂಚುತ್ತಾರೆ, ಆದರೂ ಅದೇ ಮಾರಾಟಗಾರ ಅವನ್ನೂ ದರಪಟ್ಟಿಯಲ್ಲಿ ಹಾಕಿದ್ದ. ಈ ಕೀಯಿಂದ ಸ್ಯಾಂಕ್ಚುರಿ ಎಂಬ ಊರಿನ ಬಂಗಾರದ ಪೆಟ್ಟಿಗೆ ತೆರೆದ ಕ್ಷಣದಲ್ಲಿ ನಿಮ್ಮ ಲೆವೆಲ್ ಎಷ್ಟಿದೆಯೋ ಅದಕ್ಕೆ ತಕ್ಕ ಗನ್‌ಗಳೇ ಸಿಗುತ್ತವೆ. ಮೂರನೆಯ ಸುತ್ತಿನಲ್ಲಿ ಎಡವಿದವರಿಗೆ ಒಂದೆರಡು ಕೀ ಸಾಕು, ಮತ್ತೆ ಎದ್ದು ನಿಲ್ಲಬಹುದು.

ಈಗಾಗಲೇ ಹಣ ಕೊಟ್ಟವರು ತಡ ಮಾಡದೆ ಸೈಬರ್ ವಂಚನೆಯ 1930 ಸಹಾಯವಾಣಿಗೆ ಕರೆ ಮಾಡಿ, ಬ್ಯಾಂಕಿಗೂ ತಿಳಿಸಿ. ಮೊತ್ತ ಚಿಕ್ಕದೆಂದು ಸಂಕೋಚ ಬೇಡ. ಚಾಟ್ ಅಳಿಸಬೇಡಿ, ಯುಪಿಐ ವಹಿವಾಟಿನ ಸಂಖ್ಯೆಯನ್ನು ಬರೆದಿಟ್ಟುಕೊಳ್ಳಿ. ಪಾಸ್‌ವರ್ಡ್ ಕೊಟ್ಟಿದ್ದರೆ ಮೊದಲು ಅದನ್ನು ಬದಲಿಸಿ. ಗ್ರಾಗ್ ನಾಜಲ್ ಕಳೆದುಕೊಂಡವರು ಮೂರನೆಯ ಸುತ್ತಿನಲ್ಲಿ ಟೈನಿ ಟೀನಾ ಅಧ್ಯಾಯವನ್ನು ಮತ್ತೆ ಆಡಿ ಅದನ್ನು ಪಡೆಯಬಹುದು. ಆ ಸುತ್ತಿನಲ್ಲೂ ಮಿಷನ್ ಮುಗಿದುಹೋಗಿದ್ದರೆ ಸುತ್ತನ್ನೇ ರೀಸೆಟ್ ಮಾಡುವ ಆಯ್ಕೆ ಇದೆ. ನಮ್ಮ ಹುಡುಗ ಈಗ ಅದೇ ಅಧ್ಯಾಯದಲ್ಲಿದ್ದಾನೆ, ಪ್ರತಿ ಸಲ ಆಡುವ ಮುನ್ನ ಸೇವ್ ಫೋಲ್ಡರನ್ನು ಪೆನ್‌ಡ್ರೈವ್‌ಗೆ ನಕಲು ಮಾಡಿಕೊಳ್ಳುತ್ತಾನೆ.

ಆ ಮಾರಾಟಗಾರ ಬೇರೆ ಹೆಸರಿನಲ್ಲಿ ಇನ್ನೊಂದು ಗುಂಪಿನಲ್ಲಿ ಮತ್ತೆ ಕಾಣಿಸಿಕೊಂಡಿದ್ದಾನೆ, ಚಿತ್ರಗಳು ಮಾತ್ರ ಅವೇ. ಆ ಚಿತ್ರಗಳಲ್ಲಿ ಗನ್ನಿನ ಹೆಸರು, ಡ್ಯಾಮೇಜ್ ಸಂಖ್ಯೆ, ಕಿತ್ತಳೆ ಬಣ್ಣ ಎಲ್ಲ ಸ್ಪಷ್ಟವಾಗಿ ಕಾಣುತ್ತವೆ. ಎಷ್ಟು ಲೆವೆಲ್ ಬೇಕು ಎಂದು ಹೇಳುವ ಸಾಲನ್ನು ಮಾತ್ರ ಪ್ರತಿಯೊಂದರಲ್ಲೂ ಕತ್ತರಿಸಿರುತ್ತಾನೆ.