ಮೂರು ನಿಮಿಷದ ಫಿಲ್ಮು, ಪೂರ್ತಿ ಕತ್ತಲಲ್ಲೇ ನೋಡಿ

ಅಮೆರಿಕದ ಪ್ರಯೋಗಶೀಲ ಸಿನಿಮಾ ನಿರ್ದೇಶಕ ಸ್ಟ್ಯಾನ್ ಬ್ರ್ಯಾಕೇಜ್ ಮಾಡಿದ ‘ಫಸ್ಟ್ ಹಿಮ್ ಟು ದ ನೈಟ್ – ನೊವಾಲಿಸ್’ನ ಮೊದಲು ಫೋನಲ್ಲಿ ನೋಡಿದ್ದೆ, ಯಾವ್ದೋ ಕೆಟ್ಟ ಕಾಪಿ, ಬಣ್ಣವೆಲ್ಲ ಚೌಕ ಚೌಕ ಆಗಿ ಒಡೆದುಹೋಗಿತ್ತು, ಏನೂ ಅನಿಸ್ಲೇ ಇಲ್ಲ. ಮೊನ್ನೆ ಒಳ್ಳೆ ಕಾಪಿ ಸಿಕ್ತು, ಶಿರಸಿಲಿ ನಮ್ಮನೆ ಜಗುಲಿ ಗೋಡೆ ಮೇಲೆ ಪ್ರೊಜೆಕ್ಟರ್ ಬಿಟ್ಟು ಲೈಟೆಲ್ಲ ಆರಿಸಿ ಕೂತ್ವಿ. ಅದೇ ಫಿಲ್ಮಾ ಇದು ಅನ್ನೋ ಹಂಗಾಯ್ತು.

1994ರದ್ದು ಇದು. ಕಥೆ ಇಲ್ಲ, ನಟರಿಲ್ಲ, 16 ಎಂಎಂ ರೀಲಿನ ಮೇಲೇ ಕೈಯಲ್ಲಿ ಬಣ್ಣ ಹಚ್ಚಿದ್ದು. ಒಂದು ಫ್ರೇಮು ಅಂದ್ರೆ ಕಿರುಬೆರಳಿನ ಉಗುರಿನಷ್ಟು ಜಾಗ, ಅಂಥವು ಸೆಕೆಂಡಿಗೆ 24 ಓಡ್ತವೆ, ಹಂಗಾಗಿ ಮೂರು ನಿಮಿಷಕ್ಕೆ ನಾಲ್ಕು ಸಾವಿರದ ಮೇಲಾಯ್ತು. ನಡುವೆ ನಡುವೆ ಕೆರೆದು ಬರೆದ ಅಕ್ಷರ ಬರುತ್ತೆ, ಜರ್ಮನ್ ಕವಿ ನೊವಾಲಿಸ್ ರಾತ್ರಿಯನ್ನ ಸ್ತುತಿಸಿ ಬರೆದ ಕವಿತೆಯ ಮಾತುಗಳು, ಇಂಗ್ಲಿಷಲ್ಲಿ. ಬೆಳಕು, ನಕ್ಷತ್ರ, ಕಲ್ಲು, ಬೂದಿ. ಓದಿ ಮುಗಿಸೋದ್ರೊಳಗೆ ಬಣ್ಣ ನುಂಗಿಬಿಡುತ್ತೆ.

ನಮ್ಮ ಮಾರಿಕಾಂಬಾ ಗುಡಿಯ ಕಾವಿ ಚಿತ್ರ ನೋಡಿದೋರಿಗೆ ಈ ಕೆಲಸ ತಕ್ಷಣ ಗುರುತು ಸಿಗುತ್ತೆ, ಕೆಮ್ಮಣ್ಣಿನ ಬಣ್ಣ ಬಳ್ದು ಮೇಲಿಂದ ಕೆರೆದ್ರೆ ಒಳಗಿನ ಸುಣ್ಣದ ಬಿಳಿ ಎದ್ದು ಬರುತ್ತಲ್ಲ, ಇಲ್ಲಿ ಕೆರೆದ ಕಡೆಯಿಂದ ಪ್ರೊಜೆಕ್ಟರಿನ ಬೆಳಕೇ ಹೊರಗೆ ಬರುತ್ತೆ. ಒಂದು ಕಡೆ ನಿಲ್ಲಿಸಿ ಗೋಡೆ ಹತ್ರ ಹೋಗಿ ನೋಡ್ದೆ, ನೀಲಿಯ ಅಂಚಲ್ಲಿ ಬಣ್ಣ ಒಣಗಿ ಬಿಟ್ಟ ಸಣ್ಣ ಗೆರೆ ಕೂಡ ಕಾಣ್ತಿತ್ತು. ಆಯಿ ಹಿಂದಿಂದ, "ಕಣ್ ಮುಚ್ಗಂಡು ತಿಕ್ಕಿದ್ರೆ ಕಾಣ್ತಲಾ, ಹಾಂಗೇ ಇದ್ದಲೋ ತಮಾ" ಅಂದ್ಲು. ಬ್ರ್ಯಾಕೇಜ್ ಜೀವನವಿಡೀ ಹಿಡಿಯೋಕೆ ನೋಡಿದ್ದು ಅದನ್ನೇ, ಮುಚ್ಚಿದ ಕಣ್ಣೊಳಗೆ ಕಾಣೋದನ್ನ.

ಕವಿತೆ ಮೊದ್ಲು ಓದ್ಕೊಂಡ್ರೆ ಒಳ್ಳೇದು, ಇಲ್ದಿದ್ರೆ ಅಕ್ಷರ ಹಿಡಿಯೋ ಗಡಿಬಿಡೀಲಿ ಬಣ್ಣ ತಪ್ಪಿಹೋಗುತ್ತೆ, ನನಗೆ ಫಿಲ್ಮಿನಲ್ಲಿ ಕಷ್ಟ ಅನಿಸಿದ್ದು ಅದೊಂದೇ. ಮದುವೆ ಗೊತ್ತಾಗಿದ್ದ ಹುಡುಗಿ ಸೋಫಿ 1797ರಲ್ಲಿ 15ನೇ ವಯಸ್ಸಿಗೇ ತೀರ್ಕೊಂಡ್ಲು, ಆಮೇಲೆ ನೊವಾಲಿಸ್ ಬರೆದಿದ್ದು ಇದು, 1800ರಲ್ಲಿ ಅಚ್ಚಾಯ್ತು, ಮರುವರ್ಷ 28ಕ್ಕೆ ಅವನೂ ಹೋದ. ಕವಿತೆ ಬೆಳಕನ್ನ ಹೊಗಳ್ತಾ ಶುರುವಾಗಿ ರಾತ್ರಿ ಕಡೆ ತಿರುಗುತ್ತೆ. ಅದು ಗೊತ್ತಿದ್ದು ನೋಡಿದಾಗ ಎರಡನೇ ಸಲ ಗಂಟಲು ಕಟ್ಟಿತು.

ಸೌಂಡ್ ಇಲ್ಲ, ಹಾಳಾಗಿದೆ ಅಂದ್ಕೋಬೇಡಿ, ಮಾಡಿದ್ದೇ ಹಂಗೆ. ದಯವಿಟ್ಟು ಹಿಂದೆ ಹಾಡು ಹಾಕ್ಬೇಡಿ. ನಾವು ನೋಡುವಾಗ ಹೊರಗೆ ತೋಟದಲ್ಲಿ ಜೀರುಂಡೆ ಕೂಗ್ತಿತ್ತು, ಅಷ್ಟು ಸಾಕು.