ಮಿಸ್ಟೇರ್ 4ಎ ಪ್ಲಾಸ್ಟಿಕ್ ಕಿಟ್, 1/72: ದೇವಯ್ಯನವರ ವಿಮಾನ ಕಟ್ಟಬೇಕು ಅನ್ನೋರಿಗೆ

ಮೊದಲು ಸಾಮಾನು ಏನು ಅಂತ ಹೇಳ್ಬಿಡ್ತೀನಿ. ಫ್ರಾನ್ಸಿನ ಡಾಸೋ ಕಂಪನಿ ಮಾಡಿದ ಮಿಸ್ಟೇರ್ 4ಎ ಫೈಟರ್ ವಿಮಾನದ ಪ್ಲಾಸ್ಟಿಕ್ ಮಾಡೆಲ್ ಕಿಟ್ ಇದು, 1/72 ಸ್ಕೇಲು. ನಿಜವಾದ ವಿಮಾನ 12.85 ಮೀಟರ್ ಉದ್ದ, ಕಟ್ಟಿದ್ಮೇಲೆ ಇದು ಹತ್ತಿರ ಹತ್ತಿರ 18 ಸೆಂಟಿಮೀಟರ್ ಬರತ್ತೆ, ರೆಕ್ಕೆಯ ಈ ತುದಿಯಿಂದ ಆ ತುದಿಗೆ ಹದಿನೈದೂವರೆ. ಆನ್‌ಲೈನ್ ಹಾಬಿ ಅಂಗಡಿಯೊಂದ್ರಲ್ಲಿ ತಗೊಂಡೆ, ಎರಡು ಸಾವಿರದ ಒಳಗೇ ಆಯ್ತು. ಭಾರತದ ಗುರುತುಗಳಿರೋ ಡೆಕಾಲ್ ಶೀಟ್ (ನೀರಲ್ಲಿ ನೆನೆಸಿ ಮಾಡೆಲ್ ಮೇಲೆ ಅಂಟಿಸೋ ಗುರುತುಗಳ ಹಾಳೆ) ಬೇರೆ ಕಡೆಯಿಂದ ತರಿಸ್ಬೇಕಾಯ್ತು, ಅದರ ದುಡ್ಡು ಬೇರೆ. ಯಾಕೆ ಬೇರೆ ತರಿಸ್ಬೇಕಾಯ್ತು ಅಂತ ಮುಂದೆ ಹೇಳ್ತೀನಿ, ಈ ಕಿಟ್ ಬಗ್ಗೆ ನನಗಿರೋ ದೊಡ್ಡ ಬೇಜಾರೇ ಅದು.

ಇದೇ ವಿಮಾನ ಯಾಕೆ ಅಂದ್ರೆ, ನಮ್ಮ ವಾಯುಪಡೆಯ ಸ್ಕ್ವಾಡ್ರನ್ ಲೀಡರ್ ಅಜ್ಜಮಾಡ ದೇವಯ್ಯನವರು ಕೊನೇ ಸಲ ಹಾರಿಸಿದ್ದು ಮಿಸ್ಟೇರನ್ನೇ. ಕೊಡಗಿನವರಿಗೆ ಹೆಸರು ಹೇಳಿದ್ರೆ ಸಾಕು, ಮಡಿಕೇರಿಲಿ ಅವರ ಪ್ರತಿಮೆ ಇದೆ. ಗೊತ್ತಿಲ್ಲದೋರಿಗೆ ಹೇಳೋದಾದ್ರೆ, 1965ರ ಸೆಪ್ಟೆಂಬರ್ 7ನೇ ತಾರೀಕು ಬೆಳಗಿನ ಜಾವ ನಮ್ಮ ನಂಬರ್ 1 ಸ್ಕ್ವಾಡ್ರನ್, ಅಂದ್ರೆ ಟೈಗರ್ಸ್, ಪಂಜಾಬಿನ ಅದಾಂಪುರದಿಂದ ಹೊರಟು ಪಾಕಿಸ್ತಾನದ ಸರ್ಗೋಧಾ ಏರ್‌ಬೇಸ್ ಮೇಲೆ ದಾಳಿ ಮಾಡ್ತು. ಮುಂದಾಳತ್ವ ವಿಂಗ್ ಕಮಾಂಡರ್ ತನೇಜಾ ಅವರದು. ಪ್ಲಾನ್ ಪ್ರಕಾರ 12 ಮಿಸ್ಟೇರ್, ದೇವಯ್ಯನವರು ಸ್ಟ್ಯಾಂಡ್‌ಬೈ. ಯಾವುದಾದ್ರೂ ಒಂದು ವಿಮಾನ ಕೈಕೊಟ್ರೆ ಮಾತ್ರ ಅವರು ಸೇರ್ಕೋಬೇಕಿತ್ತು. ಸೇರ್ಕೊಂಡ್ರು, ಹೋದ್ರು, ವಾಪಸ್ ಬರಲಿಲ್ಲ. ಆಗ ಅವರಿಗೆ 32 ವರ್ಷ.

ಈಗ ಕಿಟ್‌ಗೆ ಬರೋಣ. ಪ್ಲಾಸ್ಟಿಕ್ ಚೆನ್ನಾಗಿದೆ, ಗಡಸೂ ಅಲ್ಲ ಮೆತ್ತಗೂ ಅಲ್ಲ, ನಿಪ್ಪರಲ್ಲಿ ಕತ್ತರಿಸಿದಾಗ ಬಿಳಿ ಕಲೆ ಬೀಳಲ್ಲ. ಪ್ಯಾನೆಲ್ ಗೆರೆಗಳು ಒಳಕ್ಕೆ ಕೊರೆದಿರೋವು, ತೆಳ್ಳಗಿವೆ, ದಪ್ಪ ಪೇಂಟ್ ಹೊಡೆದ್ರೆ ಮುಚ್ಕೊಂಡು ಹೋಗತ್ತೆ ಅನ್ನೋದು ನೆನಪಿರಲಿ. ಬಾಡಿಯ ಎರಡು ಹೋಳು ಸರಿಯಾಗಿ ಕೂರತ್ತೆ. ರೆಕ್ಕೆ ಬಾಡಿಗೆ ಸೇರೋ ಜಾಗದಲ್ಲಿ ಕೆಳಗಡೆ ಸಂದು ಬೀಳತ್ತೆ, ಸ್ವಲ್ಪ ಪುಟ್ಟಿ ಹಾಕಿ ಸ್ಯಾಂಡ್‌ಪೇಪರ್ ತಿಕ್ಕಬೇಕು, ಅದೇನು ಅಂಥ ಕಷ್ಟ ಅಲ್ಲ. ಕ್ಯಾನೋಪಿ, ಅಂದ್ರೆ ಪೈಲಟ್ ತಲೆ ಮೇಲಿನ ಮುಚ್ಚಳ, ಗಾಜಿನಷ್ಟು ತಿಳಿಯಾಗಿದೆ, ಒಳಗಿನ ಸೀಟು ಕಾಣತ್ತೆ, ಆದ್ರೆ ಸೀಟು ತುಂಬ ಸಪ್ಪೆ, ಬೆಲ್ಟ್‌ಗಳೇ ಇಲ್ಲ, ನಾನು ಮಾಸ್ಕಿಂಗ್ ಟೇಪನ್ನ ಸಣ್ಣಗೆ ಸೀಳಿ ಬೆಲ್ಟ್ ಮಾಡ್ದೆ.

ಮೂಗಿಗೆ ತೂಕ ಹಾಕ್ಲೇಬೇಕು. ಇಲ್ಲಾಂದ್ರೆ ಮೂರು ಗಾಲಿ ಮೇಲೆ ನಿಲ್ಲದೆ ಬಾಲ ನೆಲಕ್ಕೆ ಊರಿ ಮೂಗು ಮೇಲೆತ್ತಿ ಕೂರತ್ತೆ. ಗಾಳಿ ಒಳಗೆ ಹೋಗೋ ತೂತೂ ಮೂಗಲ್ಲೇ ಇರೋದ್ರಿಂದ ತೂಕಕ್ಕೆ ಜಾಗ ಹುಡುಕೋದು ತಲೆನೋವು. ಕಾಕ್‌ಪಿಟ್ ತಟ್ಟೆ ಕೆಳಗೆ ಮತ್ತೆ ಅದರ ಅಕ್ಕಪಕ್ಕ, ಮೀನಿನ ಗಾಳಕ್ಕೆ ಕಟ್ಟೋ ಸೀಸದ ಗುಂಡುಗಳನ್ನ ಚಪ್ಪಟೆ ಮಾಡಿ ಅಂಟಿಸಿ, ಬಾಡಿ ಮುಚ್ಚೋಕೆ ಮುಂಚೆ ಟೇಪ್ ಸುತ್ತಿ ನಿಲ್ಲಿಸಿ ನೋಡಿ.

ನನಗೆ ಈ ಕಿಟ್‌ನಲ್ಲಿ ಎಲ್ಲಕ್ಕಿಂತ ಮುಖ್ಯ ಅನ್ಸಿದ್ದು ಮೂಗಿನ ಕೆಳಗಿರೋ ಎರಡು ಸಣ್ಣ ಗುಳಿ. 30 ಎಂಎಂ ಡೆಫಾ ಕ್ಯಾನನ್‌ಗಳ, ಅಂದ್ರೆ ವಿಮಾನದ ತೋಪುಗಳ, ಬಾಯಿ ಅದು. ಕಿಟ್‌ನಲ್ಲಿ ಬರೀ ಚುಕ್ಕೆ ಥರ ಇದೆ, ಪೇಂಟ್ ಬಿದ್ರೆ ಮಾಯ. ದಯವಿಟ್ಟು ಅದನ್ನ ಹಾಗೇ ಬಿಡಬೇಡಿ, ಸೂಜಿ ಮೊನೆ ಚುಚ್ಚಿ ಗುರುತು ಮಾಡ್ಕೊಂಡು ಆಮೇಲೆ ಸಣ್ಣ ಕೈ ಡ್ರಿಲ್‌ನಲ್ಲಿ ಆಳ ಮಾಡಿ, ಒಳಗೆ ಕಪ್ಪು ಬಣ್ಣದ ಒಂದು ತೊಟ್ಟು ಬಿಡಿ. ಯಾಕೆ ಇಷ್ಟು ಹೇಳ್ತಿದೀನಿ ಅಂದ್ರೆ ಆವತ್ತು ದೇವಯ್ಯನವರಿಗೆ ಎದುರಾಗಿದ್ದು ಸ್ಟಾರ್‌ಫೈಟರ್, ಎಫ್-104, ಶಬ್ದದ ಎರಡರಷ್ಟು ವೇಗದಲ್ಲಿ ಹಾರೋ ಅಮೆರಿಕದ ವಿಮಾನ, ಸೈಡ್‌ವೈಂಡರ್ ಮಿಸೈಲು, 20 ಎಂಎಂ ವಲ್ಕನ್ ಗನ್ನು ಎಲ್ಲಾ ಇರೋದು. ಹಾರಿಸ್ತಾ ಇದ್ದೋರು ಫ್ಲೈಟ್ ಲೆಫ್ಟಿನೆಂಟ್ ಅಮ್ಜದ್ ಹುಸೇನ್. ಮಿಸ್ಟೇರ್‌ನ ವೇಗ ಅದರ ಅರ್ಧದಷ್ಟು, ಅಷ್ಟೇ. ವಿಮಾನಕ್ಕೆ ಏಟು ಬಿದ್ಮೇಲೂ ದೇವಯ್ಯನವರು ಬಿಡದೆ ಕಾದಾಡಿ ಈ ಕ್ಯಾನನ್‌ಗಳಿಂದಲೇ ಆ ಸ್ಟಾರ್‌ಫೈಟರನ್ನ ಕೆಡವಿದ್ರು. ಅಮ್ಜದ್ ಹುಸೇನ್ ಪ್ಯಾರಾಶೂಟಲ್ಲಿ ಇಳಿದು ಬದುಕಿದ್ರು. ದೇವಯ್ಯನವರು ಅಲ್ಲೇ ತೀರ್ಕೊಂಡ್ರು, ಅಲ್ಲಿನ ಹಳ್ಳಿಯವರೇ ಮಣ್ಣು ಮಾಡಿದ್ರು.

ಆದ್ರೆ ಇಲ್ಲಿ, ನಮ್ಮ ಕಡೆ, ಇದ್ಯಾವುದೂ ಯಾರಿಗೂ ಗೊತ್ತಿರಲಿಲ್ಲ. ಜೊತೆಗೆ ಹೋಗಿದ್ದೋರು ಯಾರೂ ಆ ಕಾದಾಟ ಕಣ್ಣಾರೆ ನೋಡಿರಲಿಲ್ಲ. ದಾಖಲೆಲಿ ಮಿಸ್ಸಿಂಗ್ ಅಂತ ಬರೆದ್ರು. 1979ರಲ್ಲಿ ಪಾಕಿಸ್ತಾನದ ವಾಯುಪಡೆ ಬಗ್ಗೆ ಬ್ರಿಟಿಷ್ ಲೇಖಕರೊಬ್ಬರು ಬರೆದ ಪುಸ್ತಕ ಬಂತು ನೋಡಿ, ಅದರಲ್ಲಿ ಆ ಸ್ಟಾರ್‌ಫೈಟರ್ ಬಿದ್ದಿದ್ದು ಮಿಸ್ಟೇರ್ ಜೊತೆಗಿನ ಕಾದಾಟದಲ್ಲಿ ಅಂತ ಬಂದಾಗ್ಲೇ ನಮ್ಮೋರಿಗೆ ಲೆಕ್ಕ ತಾಳೆಯಾಗಿದ್ದು, ಅಲ್ಲಿಗೆ ಹೋಗಿ ವಾಪಸ್ ಬರದ ಆ ಮಿಸ್ಟೇರ್ ದೇವಯ್ಯನವರದು ಅಂತ. ಮಹಾವೀರ ಚಕ್ರ ಕೊಟ್ಟಿದ್ದು 1988ರಲ್ಲಿ. 23 ವರ್ಷ! ಎದುರಾಳಿ ಕಡೆಯೋರು ಆವತ್ತು ನಡೆದಿದ್ದನ್ನ ಹೇಳದೇ ಹೋಗಿದ್ರೆ ಇವತ್ತಿಗೂ ಅವರು ಮಿಸ್ಸಿಂಗೇ ಆಗಿರ್ತಿದ್ರು.

ಅದೇ ಯುದ್ಧದಲ್ಲಿ ಕೊಡಗಿನ ಇನ್ನೊಬ್ಬ ಪೈಲಟ್, ಜನರಲ್ ಕಾರ್ಯಪ್ಪನವರ ಮಗ, ಹಂಟರ್ ಅನ್ನೋ ಫೈಟರ್ ವಿಮಾನ ಹಾರಿಸ್ತಿದ್ದೋರು, ಪಾಕಿಸ್ತಾನದ ಕೈಗೆ ಸೆರೆ ಸಿಕ್ಕಿದ್ರು. ಆಗಿನ ಪಾಕಿಸ್ತಾನದ ಅಧ್ಯಕ್ಷ ಅಯೂಬ್ ಖಾನ್ ಕಡೆಯಿಂದ ವಿಶೇಷ ಸವಲತ್ತಿನ ಮಾತು ಬಂದಾಗ ಅಪ್ಪ ಬೇಡ ಅಂದಿದ್ದು ನಾವೆಲ್ಲ ಸ್ಕೂಲಲ್ಲೇ ಕೇಳಿ ಬೆಳೆದ ಕಥೆ. ಹೇಳೋಕೆ ಜನ ಇದ್ದ ಕಥೆ ಮನೆಮನೆಗೆ ಮುಟ್ತು, ಸಾಕ್ಷಿ ಇಲ್ಲದ ಕಥೆ ಇಪ್ಪತ್ಮೂರು ವರ್ಷ ಕಾಯ್ತು. ಇದನ್ನ ನೆನೆಸ್ಕೊಂಡ್ರೆ ಈಗಲೂ ನನಗೆ ಸಂಕಟ ಆಗತ್ತೆ.

ಈಗ ಆ ಬೇಜಾರಿನ ವಿಷಯ. ಡಬ್ಬದ ಮೇಲಿನ ಚಿತ್ರ ಫ್ರಾನ್ಸಿನ ವಿಮಾನ, ಒಳಗಿನ ಡೆಕಾಲ್ ಫ್ರಾನ್ಸ್ ಮತ್ತೆ ಇಸ್ರೇಲ್‌ದು. ಭಾರತದ್ದು ಇಲ್ಲ. ಸೂಚನೆಯ ಹಾಳೆಲಿ ವಿಮಾನದ ಇತಿಹಾಸ ಅಂತ ಒಂದು ಪ್ಯಾರಾ ಇದೆ, 1956ರ ಸೂಯೆಜ್ ಕಾಲುವೆ ಯುದ್ಧ ಇದೆ ಅದರಲ್ಲಿ, ಭಾರತಕ್ಕೂ ಮಾರಿದ್ರು ಅಂತ ಅರ್ಧ ಸಾಲು, 1965ರ ಯುದ್ಧದ ಸುದ್ದಿಯೇ ಇಲ್ಲ. ಭಾರತ ನೂರಕ್ಕೂ ಹೆಚ್ಚು ಮಿಸ್ಟೇರ್ ತಗೊಂಡಿತ್ತು, 1957ರಿಂದ ಹಾರಿಸ್ತು, ಯುದ್ಧಕ್ಕೂ ಕಳಿಸ್ತು. ಇದನ್ನ ಕೊಳ್ಳೋ ಹುಡುಗ್ರು ಈ ವಿಮಾನದ ಬಗ್ಗೆ ಓದೋ ಮೊದಲ್ನೇ ಪ್ಯಾರಾ ಇದೇ ಆಗಿರತ್ತೆ, ಎಷ್ಟೋ ಜನಕ್ಕೆ ಕೊನೇದೂ ಇದೇ. ಕಂಪನಿಗೆ ಬರೀತೀನಿ, ನೀವೂ ಬರೀರಿ.

ಬೇರೆ ತರಿಸಿದ ಡೆಕಾಲ್ ಶೀಟ್ ಮಾತ್ರ ಅಚ್ಚುಕಟ್ಟು. ವೃತ್ತದ ಗುರುತಲ್ಲಿ ಹೊರಗೆ ಕೇಸರಿ, ನಡುವೆ ಬಿಳಿ, ಒಳಗೆ ಹಸಿರು, ಮೂರೂ ಒಂದರ ಮೇಲೊಂದು ಸರಿಯಾಗಿ ಕೂತಿದೆ, ಪ್ರಿಂಟ್ ಜರುಗಿಲ್ಲ. ಬಾಲದ ಮೇಲಿನ ಮೂರು ಪಟ್ಟಿಯ ಅಳತೆನೂ ಸರಿ. ಡೆಕಾಲ್ ಬಹಳ ತೆಳು, ಉಗುರು ಬೆಚ್ಚಗಿನ ನೀರಲ್ಲಿ ಸ್ವಲ್ಪ ಹೊತ್ತು ಬಿಟ್ಟು ಬ್ರಷ್‌ನಲ್ಲೇ ಜಾರಿಸಿ, ಬೆರಳು ಹಾಕಿದ್ರೆ ಮಡಚ್ಕೊಳತ್ತೆ. ಬೆಳ್ಳಿ ಬಣ್ಣದ ಮೇಲೆ ನೇರವಾಗಿ ಹಚ್ಚಬೇಡಿ, ಮೊದ್ಲು ಹೊಳಪಿನ (ಗ್ಲಾಸಿ) ವಾರ್ನಿಷ್ ಒಂದು ಕೋಟ್ ಕೊಡಿ.

ನನ್ನ ಅಕ್ಕನ ಮಗಳು, ಎಂಟನೇ ಕ್ಲಾಸು, ಜೊತೆಗೆ ಕೂತು ರೆಕ್ಕೆ ಕೆಳಗಿನ ಎರಡು ಇಂಧನದ ಟ್ಯಾಂಕ್ ಅಂಟಿಸಿದ್ಲು. ಇದು ಯಾಕೆ ಮಾಮ, ಬಾಂಬಾ ಅಂತ ಕೇಳಿದ್ಲು. ಅದಾಂಪುರದಿಂದ ಸರ್ಗೋಧಾಗೆ ಹೋಗಿ ಬರೋದು ಈ ವಿಮಾನದ ಎಣ್ಣೆಗೆ ಕಷ್ಟಕ್ಕೆ ಸಾಕಾಗೋ ದೂರ, ಅದಕ್ಕೇ ಹೊರಗೆ ಟ್ಯಾಂಕ್ ಕಟ್ಕೊಂಡು ಹೋಗ್ತಿದ್ರು ಪುಟ್ಟ ಅಂದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, ಹಾಗಾದ್ರೆ ಅವರು ತಿರುಗಿ ಜಗಳಕ್ಕೆ ನಿಂತಾಗ ವಾಪಸ್ ಬರೋಕೆ ಎಣ್ಣೆ ಸಾಲಲ್ಲ ಅಂತ ಅವರಿಗೆ ಗೊತ್ತಿತ್ತಾ ಅಂದ್ಲು. ಪೈಲಟ್‌ಗೆ ಎಣ್ಣೆ ಮುಳ್ಳು ಯಾವಾಗ್ಲೂ ಕಣ್ಮುಂದೇನೇ ಇರತ್ತೆ ಅಂದೆ. ಕಿಟ್ ಇಲ್ಲದೆ ಬರೀ ಕಥೆ ಹೇಳಿದ್ರೆ ಈ ಪ್ರಶ್ನೆ ಅವಳಿಗೆ ಹೊಳೀತಿರಲಿಲ್ಲ. ಅದಕ್ಕೇ ನಾನು ಇದನ್ನ ಧೈರ್ಯವಾಗಿ ಶಿಫಾರಸು ಮಾಡೋದು, ಹನ್ನೆರಡು ಹದಿಮೂರು ವರ್ಷದ ಮೇಲಿನ ಮಕ್ಕಳ ಜೊತೆ ಕೂತು ಕಟ್ಟಿ. ಬ್ಲೇಡು, ಅಂಟು ಎಲ್ಲಾ ಇರೋದ್ರಿಂದ ಒಬ್ಬರನ್ನೇ ಬಿಡೋದು ಬೇಡ.

ನಿಜವಾದ ಮಿಸ್ಟೇರ್ ನೋಡಬೇಕು ಅಂದ್ರೆ ದೆಹಲಿಯ ಪಾಲಂನಲ್ಲಿರೋ ವಾಯುಪಡೆ ಮ್ಯೂಸಿಯಂನಲ್ಲಿ ಒಂದಿದೆ. ಪೇಂಟ್ ಮಾಡೋಕೆ ಮುಂಚೆ ಅದರ ಫೋಟೋಗಳನ್ನ ಹುಡುಕಿ ಪಕ್ಕದಲ್ಲಿ ಇಟ್ಕೊಳ್ಳಿ, ಗಾಲಿ ಬಾಗಿಲುಗಳ ಒಳಭಾಗದ ವಿಷಯದಲ್ಲಿ ಕಿಟ್‌ನ ಹಾಳೆಗಿಂತ ಅದೇ ಉಪಯೋಗಕ್ಕೆ ಬರತ್ತೆ.

ಇನ್ನೊಂದು ಮಾತು. ಆಗೋದಾದ್ರೆ ಇದೇ ಸ್ಕೇಲಿನ ಸ್ಟಾರ್‌ಫೈಟರನ್ನೂ ತಗೊಳ್ಳಿ, ನಾನು ಆರ್ಡರ್ ಹಾಕಿದೀನಿ. ಅದು ಮಿಸ್ಟೇರ್‌ಗಿಂತ ಉದ್ದ, 1/72ರಲ್ಲಿ 23 ಸೆಂಟಿಮೀಟರ್, ಆದ್ರೆ ರೆಕ್ಕೆ ಅಗಲ ಬರೀ 9 ಚಿಲ್ಲರೆ. ಎರಡನ್ನೂ ಪಕ್ಕಪಕ್ಕ ಇಟ್ರೆ ಕಣ್ಣಿಗೇ ಗೊತ್ತಾಗತ್ತೆ, ಅಷ್ಟು ಮೋಟು ರೆಕ್ಕೆ ಇಟ್ಕೊಂಡು ನೇರ ಓಟದಲ್ಲಿ ಅದನ್ನ ಹಿಡಿಯೋರೇ ಇಲ್ಲ, ಆದ್ರೆ ನೆಲದ ಹತ್ರ ನಿಧಾನ ಮಾಡಿ ಸುತ್ತು ತಿರುಗೋ ಜಗಳಕ್ಕೆ ಇಳಿದ್ರೆ ಅದರ ಅನುಕೂಲ ಎಲ್ಲಾ ಹೋಯ್ತು, ಅಲ್ಲಿ ಮಿಸ್ಟೇರ್‌ಗೆ ಅವಕಾಶ ಇದೆ. ಡಬ್ಬದ ಮೇಲೆ 1/72 ಅಂತಲೇ ಇದೆಯಾ ನೋಡ್ಕೊಂಡು ತಗೊಳ್ಳಿ, 1/48 ಬಂದ್ರೆ ಹೋಲಿಕೆ ಎಲ್ಲಾ ಕೆಡತ್ತೆ.

ಕಿಟ್‌ಗೆ 5ಕ್ಕೆ 4. ಆ ಅರ್ಧ ಸಾಲಿಗೆ ಒಂದು ಕಳೆದಿದೀನಿ.